ಕಾರವಾರ ಕೋರ್ಟಿನ ಉಚಿತ ಕಾನೂನು ನೆರವು: 12 ರೂಪಾಯಿ ಖರ್ಚಿನಲ್ಲಿ ನನ್ನ ತಮ್ಮ ಮನೆಗೆ ಬಂದ

ಕೋಡಿಬಾಗದಲ್ಲಿ ನನ್ನದೊಂದು ಹೊಲಿಗೆ ಅಂಗಡಿ ಇದೆ. ತಮ್ಮ ಬೈತಖೋಲ ಬಂದರಿನಿಂದ ಮೀನಿನ ಬೋಟಿಗೆ ಹೋಗುತ್ತಾನೆ. ಒಂದು ಶನಿವಾರ ರಾತ್ರಿ ಒಂಬತ್ತಕ್ಕೆ ಪೊಲೀಸರು ಅವನನ್ನು ಮನೆಯಿಂದ ಕರೆದುಕೊಂಡು ಹೋದರು. ಡೀಸೆಲ್ ಕಳವಾಗಿದೆ, ಸ್ವಲ್ಪ ಕೇಳುವುದಿದೆ ಎಂದರು. ಭಾನುವಾರ ಆಯಿ (ನಮ್ಮ ಅಮ್ಮ) ಗಂಜಿ ಡಬ್ಬಿ ಹಿಡಿದು ಠಾಣೆಯ ಗೇಟಿನ ಹತ್ತಿರ ಸಂಜೆವರೆಗೆ ಕೂತಳು. ಒಳಗೆ ಬಿಡಲಿಲ್ಲ. "ಅರೆಸ್ಟ್ ಮಾಡಿಲ್ಲಮ್ಮ, ಸುಮ್ನೆ ವಿಚಾರಣೆ" ಎಂದರಂತೆ. ಹಾಗಾದರೆ ರಾತ್ರಿ ಮನೆಗೆ ಕಳಿಸಬೇಕಿತ್ತು, ಅಲ್ವಾ?

ಯಾವ ಠಾಣೆ ಎಂದು ಬರೆಯುವುದಿಲ್ಲ. ತಮ್ಮ ಇದೇ ಊರಲ್ಲಿ ದುಡಿಯಬೇಕು.

ಒಬ್ಬರು 15,000 ಕೊಟ್ಟರೆ ಬಿಡಿಸುತ್ತೇನೆ ಎಂದರು. ಆಯಿ ಬಳೆ ತೆಗೆದೇಬಿಟ್ಟಿದ್ದಳು. ನನ್ನಲ್ಲಿ ಬಟ್ಟೆ ಹೊಲಿಸುವ ಟೀಚರ್ ಒಬ್ಬರು ತಡೆದರು. "ಕೋರ್ಟಿನಲ್ಲಿ ಜಿಲ್ಲಾ ಕಾನೂನು ಸೇವೆಗಳ ಪ್ರಾಧಿಕಾರ ಇದೆ. ಸೋಮವಾರ ಬೆಳಿಗ್ಗೆ ಬಾಗಿಲು ತೆಗೆಯುವ ಮೊದಲೇ ಹೋಗಿ ನಿಲ್ಲು" ಎಂದರು. ನಿಂತೆ.

ಅಲ್ಲಿ ನನ್ನ ಆದಾಯ ಕೇಳಲಿಲ್ಲ. 1987ರ ಕಾನೂನಿನ ಪ್ರಕಾರ ಹೆಂಗಸರಿಗೆ ಮತ್ತು ಕಸ್ಟಡಿಯಲ್ಲಿರುವವರಿಗೆ ಆದಾಯ ಎಷ್ಟಿದ್ದರೂ ವಕೀಲರು ಉಚಿತ. ನನಗೆ ಸಿಕ್ಕವರು ಒಬ್ಬ ವಕೀಲೆ. ಅವರ ಮೊದಲ ಪ್ರಶ್ನೆ, "ತಂಗಿ, ಕರೆದುಕೊಂಡು ಹೋದಾಗ ಗಂಟೆ ಎಷ್ಟು?" ಕಳವಿನ ಮಾತೇ ಎತ್ತಲಿಲ್ಲ. ನನಗೆ ವಿಚಿತ್ರ ಅನ್ನಿಸಿತು. ಆಮೇಲೆ ಗೊತ್ತಾಯಿತು, ಎಲ್ಲ ನಿಂತಿರುವುದೇ ಆ ಗಂಟೆಯ ಮೇಲೆ. ಹಿಡಿದವರನ್ನು 24 ಗಂಟೆಯೊಳಗೆ ಮ್ಯಾಜಿಸ್ಟ್ರೇಟರ ಮುಂದೆ ನಿಲ್ಲಿಸಬೇಕು. ಇದು ಸಂವಿಧಾನದ 22ನೇ ವಿಧಿ. ದಾರಿಯ ಪ್ರಯಾಣಕ್ಕೆ ಹಿಡಿದ ಹೊತ್ತು ಮಾತ್ರ ಲೆಕ್ಕಕ್ಕಿಲ್ಲ. ಭಾನುವಾರ ರಜೆ ಎನ್ನುವ ನೆಪ ನಡೆಯುವುದಿಲ್ಲ. ಎಲ್ಲಿ ಇಟ್ಟಿದ್ದೇವೆ ಎಂದು ಮನೆಯವರಿಗೂ ತಿಳಿಸಲೇಬೇಕು. "ಎದ್ದು ಮನೆಗೆ ಹೋಗುತ್ತೇನೆ ಅಂದರೆ ಬಿಡುತ್ತಾರಾ? ಬಿಡದಿದ್ದರೆ ಅದು ಕಸ್ಟಡಿಯೇ, ಹೆಸರು ಏನೇ ಇಡಲಿ" ಎಂದರು ವಕೀಲೆ. ತಮ್ಮನದು ಆಗಲೇ 37 ಗಂಟೆ ದಾಟಿತ್ತು.

ಎರಡು ದಾರಿ ಹೇಳಿದರು. ಒಂದು, ಧಾರವಾಡದ ಹೈಕೋರ್ಟ್ ಪೀಠದಲ್ಲಿ ಹೇಬಿಯಸ್ ಕಾರ್ಪಸ್ ಅರ್ಜಿ. "ಆ ಮನುಷ್ಯನನ್ನು ನಮ್ಮ ಮುಂದೆ ತಂದು ನಿಲ್ಲಿಸಿ, ಯಾಕೆ ಇಟ್ಟುಕೊಂಡಿದ್ದೀರಿ ಹೇಳಿ" ಎಂದು ಕೋರ್ಟು ಕೇಳುವುದು. ಒಳಗಿರುವವನೇ ಸಹಿ ಹಾಕಬೇಕೆಂದಿಲ್ಲ, ಅಕ್ಕನೂ ಹಾಕಬಹುದು. 2008ರ ಮೊದಲು ಇದಕ್ಕೆ ಬೆಂಗಳೂರಿಗೇ ಓಡಬೇಕಿತ್ತು. ಇನ್ನೊಂದು ಹತ್ತಿರದ ದಾರಿ. ಹಳೆಯ ಸಿಆರ್‌ಪಿಸಿ ಬದಲಿಗೆ ಬಂದ ಹೊಸ ನಾಗರಿಕ ಸುರಕ್ಷಾ ಸಂಹಿತೆಯ 100ನೇ ಕಲಂ. ಯಾರನ್ನಾದರೂ ಕಾನೂನುಬಾಹಿರವಾಗಿ ಕೂಡಿಹಾಕಿದ್ದಾರೆ ಅನ್ನಿಸಿದರೆ ಇಲ್ಲಿನ ಮ್ಯಾಜಿಸ್ಟ್ರೇಟರೇ ಸರ್ಚ್ ವಾರಂಟ್, ಅಂದರೆ ಹುಡುಕಿ ಕರೆತನ್ನಿ ಎನ್ನುವ ಆದೇಶ, ಕೊಡಬಹುದು. ಮೊದಲು ಇದನ್ನೇ ಮಾಡೋಣ, ಸಂಜೆಯೊಳಗೆ ಬಿಡದಿದ್ದರೆ ಧಾರವಾಡ ಎಂದರು.

ಅರ್ಜಿ ಬರೆದು ಕನ್ನಡದಲ್ಲಿ ಪೂರ್ತಿ ಓದಿ ಹೇಳಿದರು. ನಾನು ತಲೆಯಾಡಿಸಿದ ಮೇಲೆಯೇ ಸಹಿ. ಈ ಸೇವೆಯಲ್ಲಿ ನನಗೆ ಎಲ್ಲಕ್ಕಿಂತ ಹಿಡಿಸಿದ್ದು ಇದು. ಮಧ್ಯಾಹ್ನದೊಳಗೆ ಅರ್ಜಿ ಕೋರ್ಟಿಗೆ ಹೋಯಿತು. ವಕೀಲೆ ಠಾಣೆಗೆ ಫೋನ್ ಮಾಡಿ, ಅರೆಸ್ಟ್ ಮೆಮೊ (ಬಂಧಿಸುವಾಗ ಪೊಲೀಸರು ಬರೆಯಬೇಕಾದ ಕಾಗದ) ಎಲ್ಲಿ ಎಂದಷ್ಟೇ ಕೇಳಿದರು. ಆದೇಶ ಬರುವ ಮೊದಲೇ, ಮೂರೂವರೆಗೆ, ತಮ್ಮ ನಡೆದುಕೊಂಡು ಮನೆಗೆ ಬಂದ. ಕಾಲು ಬಾತಿತ್ತು. ಆಯಿ ಮಾತಾಡಲಿಲ್ಲ, ಬಿಸಿನೀರು ಕಾಯಿಸಿದಳು.

ಅವನು ಬಂದ ಮೇಲೂ ವಕೀಲೆ ಕೈಬಿಡಲಿಲ್ಲ. ಠಾಣೆಯ ಸಿಸಿಟಿವಿ ದೃಶ್ಯ ಅಳಿಸದೆ ಇಡಿ ಎಂದು ಅರ್ಜಿ ಕೊಡಿಸಿದರು. ಪ್ರತಿ ಠಾಣೆಯಲ್ಲೂ ಕ್ಯಾಮೆರಾ ಇರಬೇಕೆಂದು 2020ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಸರ್ಕಾರಿ ಆಸ್ಪತ್ರೆಯಲ್ಲಿ ತೋರಿಸಿ ಚೀಟಿ ಇಟ್ಟುಕೊಳ್ಳಿ ಎಂದೂ ಹೇಳಿದರು. ತಮ್ಮ ಮುಂದೇನು ಮಾಡುತ್ತಾನೋ ಅವನೇ ನಿರ್ಧರಿಸಲಿ, ಕಾಗದ ಕೈಯಲ್ಲಿದೆ.

ನನಗಾದ ಖರ್ಚು ಜೆರಾಕ್ಸಿಗೆ 12 ರೂಪಾಯಿ. ಈ ಸೇವೆಗೆ ಐದಕ್ಕೆ ಐದು ಅಂಕ ಕೊಡುತ್ತೇನೆ. ಕೋರ್ಟಿಗೆ ಹೋಗಲು ಆಗದವರಿಗೆ ಫೋನ್ ನಂಬರ್ 15100 ಇದೆ. ಅದನ್ನು ಅಂಗಡಿಯ ಕನ್ನಡಿ ಪಕ್ಕ ದೊಡ್ಡದಾಗಿ ಬರೆದು ಹಚ್ಚಿದ್ದೇನೆ. ಅಳತೆ ಕೊಡಲು ಬಂದವರು ಕೇಳುತ್ತಾರೆ, ಹೇಳುತ್ತೇನೆ, ಬರೆದುಕೊಂಡು ಹೋಗುತ್ತಾರೆ.