ವರ್ಜೀನಿಯಾ ವುಲ್ಫ್ ಜೀವನಚರಿತ್ರೆ: ಬೆಲ್ ಅಥವಾ ಲೀ?

ಕಾಸರಗೋಡಿನಲ್ಲಿ ಕನ್ನಡ ಎಂ.ಎ. ಓದುತ್ತಾ ಲೇಖಕಿಯರ ಬದುಕಿನ ಬಗ್ಗೆ ಪ್ರಬಂಧ ಬರೆಯುವವರು ಒಂದೇ ಪುಸ್ತಕ ಕೊಳ್ಳುವುದಾದರೆ ಇಂಗ್ಲಿಷ್ ಕಾದಂಬರಿಕಾರ್ತಿ ವರ್ಜೀನಿಯಾ ವುಲ್ಫ್ ಬಗ್ಗೆ ಹರ್ಮಿಯೋನಿ ಲೀ ಬರೆದ ಜೀವನಚರಿತ್ರೆಯನ್ನೇ (1996) ಕೊಳ್ಳಿ.

ಕ್ವೆಂಟಿನ್ ಬೆಲ್ ಅವರದು 1972ರದ್ದು. ಎರಡು ಸಂಪುಟ, ಓದಲು ಹಗುರ. ಅವರು ವುಲ್ಫ್ ಅಕ್ಕ ವನೆಸಾರ ಮಗ. ಚಿಕ್ಕಮ್ಮನನ್ನು ಹತ್ತಿರದಿಂದ ಕಂಡವರು. ಆ ಸಲುಗೆ ಬೇರೆಯವರಿಗೆ ಸಿಗುವುದಿಲ್ಲ. ಆದರೆ ಕೃತಿಗಳ ವಿಮರ್ಶೆಯನ್ನು ಬೇಕೆಂದೇ ಬದಿಗಿಟ್ಟರು. ಬರೆಯುವವಳ ಬದುಕಲ್ಲಿ ಬರವಣಿಗೆಯೇ ಮುಖ್ಯ ಅಲ್ವಾ?

ಲೀ ಪುಸ್ತಕ ಜಾಸ್ತಿ ದಪ್ಪ. ‘ಮನೆಗಳು’, ‘ಓದು’, ‘ಹುಚ್ಚು’ ಅಂತ ವಿಷಯ ಹಿಡಿದು ಅಧ್ಯಾಯಗಳಿವೆ. ವುಲ್ಫ್ ಅವರ ಮಾನಸಿಕ ಕಾಯಿಲೆಯ ಬಗ್ಗೆ ಬರೆಯುವಾಗ ಆಗಿನ ವೈದ್ಯರನ್ನೂ ಪ್ರಶ್ನಿಸುತ್ತಾರೆ: ಸುಮ್ನೆ ಮಲಗಿರು, ಹಾಲು ಕುಡಿ, ಬರೆಯಬೇಡ ಎನ್ನುವ ಚಿಕಿತ್ಸೆ ಅದು. ಕಾಸರಗೋಡಿನಲ್ಲೇ ಹುಟ್ಟಿದ ಸಾರಾ ಅಬೂಬಕ್ಕರ್ ಬಗ್ಗೆ ಬರೆಯುವವರಿಗೂ ಲೀ ಅವರ ಈ ಬರವಣಿಗೆಯ ಕ್ರಮ ಕೈಹಿಡಿಯುತ್ತದೆ. ಬೆಲ್ ಪುಸ್ತಕವನ್ನು ಲೈಬ್ರರಿಯಿಂದ ತಂದು ಓದಿದರೆ ಸಾಕು.