ನಾಲ್ಕು ವರ್ಷ, 14,400 ಕಿ.ಮೀ.: ದಿನಾ ಆಫೀಸಿಗೆ ತುಳಿದ ಎಲೆಕ್ಟ್ರಿಕ್ ಸೈಕಲ್

ನಾನು ಈ ಸೈಕಲ್ ತೆಗೆದುಕೊಂಡಿದ್ದು ಬೇರೆಯವರ ವಿಮರ್ಶೆಗಳನ್ನು ಓದಿ. ಎಲ್ಲವೂ ಸೈಕಲ್ ಮನೆಗೆ ಬಂದ ವಾರದಲ್ಲೇ ಬರೆದವು. ಮೋಟಾರಿಗೆ ಎಷ್ಟು ಶಕ್ತಿ, ಒಂದು ಚಾರ್ಜಿಗೆ ಎಷ್ಟು ದೂರ, ಇಷ್ಟೇ ಅವುಗಳಲ್ಲಿ ಇರುತ್ತಿತ್ತು. ನಾಲ್ಕು ವರ್ಷ ತುಳಿದ ಮೇಲೆ ನನಗೆ ಹೇಳಬೇಕು ಅನ್ನಿಸುವ ವಿಷಯಗಳೇ ಬೇರೆ. ಅದಕ್ಕೇ ಇಷ್ಟು ದಿನ ಕಾದು ಬರೆಯುತ್ತಿದ್ದೇನೆ.

ಮೊದಲು ಸೈಕಲ್ಲಿನ ವಿವರ. ಹಿಂದಿನ ಚಕ್ರದ ನಡುವೆಯೇ ಕೂತಿರುವ 250 ವಾಟ್ ಮೋಟಾರು. 36 ವೋಲ್ಟಿನ, 504 ವಾಟ್-ಅವರ್ ಬ್ಯಾಟರಿ. ತುಳಿದರೆ ಮಾತ್ರ ಮೋಟಾರು ಜೊತೆಗೂಡುತ್ತದೆ, ವೇಗ ಗಂಟೆಗೆ 25 ಕಿ.ಮೀ. ದಾಟಿದರೆ ಸುಮ್ಮನಾಗುತ್ತದೆ. ಯುರೋಪಿನ ನಿಯಮದಲ್ಲಿ ಇರುವ ಮಿತಿಯೂ ಇದೇ. ತೂಕ 24 ಕೆ.ಜಿ. ಮನೆಯಿಂದ ಆಫೀಸಿಗೆ 9 ಕಿ.ಮೀ. ವರ್ಷಕ್ಕೆ ಸುಮಾರು 200 ದಿನ ಹೋಗಿ ಬರುತ್ತೇನೆ.

ಮೋಟಾರಿನ ಬಗ್ಗೆ ನನಗೆ ಯಾವ ದೂರೂ ಇಲ್ಲ. ಕೊಳ್ಳುವವರು ಒಂದು ಪ್ರಶ್ನೆಯನ್ನು ಮಾತ್ರ ತಪ್ಪದೇ ಕೇಳಿ. ಪೆಡಲ್ ತಿರುಗುತ್ತಿದೆಯಾ ಅಂತಷ್ಟೇ ನೋಡುವ ಸೆನ್ಸರಾ, ಇಲ್ಲಾ ಕಾಲು ಎಷ್ಟು ಜೋರಾಗಿ ಒತ್ತುತ್ತಿದೆ ಅಂತ ಅಳೆಯುವ ಟಾರ್ಕ್ ಸೆನ್ಸರಾ? ಮೊದಲನೆಯದರಲ್ಲಿ ಮೋಟಾರು ಸ್ವಲ್ಪ ತಡವಾಗಿ ಎಚ್ಚರವಾಗಿ ಒಮ್ಮೆಲೇ ಮುಂದಕ್ಕೆ ನೂಕುತ್ತದೆ. ಸಿಗ್ನಲ್ಲಿನಲ್ಲಿ ಬಸ್ಸಿನ ಹಿಂದೆ ನಿಂತಾಗ ಹಾಗೆ ನೂಕಿದರೆ ಎದೆ ಝಲ್ಲೆನ್ನುತ್ತದೆ. ಎರಡನೆಯದರಲ್ಲಿ ಕಾಲು ಕೊಟ್ಟಷ್ಟಕ್ಕೆ ತಕ್ಕ ಹಾಗೆ ಮೋಟಾರೂ ಕೊಡುತ್ತದೆ. ಇದು ಹೊಸ ಉಪಾಯವೇನಲ್ಲ. ಯಮಹಾ 1993ರಲ್ಲೇ ಪಾಸ್ ಅನ್ನುವ ಸೈಕಲ್ಲಿನಲ್ಲಿ ಇದನ್ನು ಮಾರಾಟಕ್ಕೆ ತಂದಿತ್ತು. ಎದುರುಗಾಳಿ ಇರಲಿ, ಏರು ಇರಲಿ, ಅಂಗಿ ಒದ್ದೆಯಾಗದೆ ಆಫೀಸು ಸೇರುತ್ತೇನೆ. ಅದಕ್ಕಿಂತ ಖುಷಿ ಕೊಡುವುದು ಇನ್ನೊಂದು. ಯಾವ ದಿನ ಹೊರಟರೂ 28 ನಿಮಿಷ, ಹೆಚ್ಚೆಂದರೆ 31. ಟ್ರಾಫಿಕ್ ಹೇಗಿದೆ ಅಂತ ಬೆಳಿಗ್ಗೆ ಮೊಬೈಲ್ ನೋಡುವುದನ್ನೇ ಬಿಟ್ಟಿದ್ದೇನೆ.

ಬ್ಯಾಟರಿ ಹೊಸದರಲ್ಲಿ 55 ಕಿ.ಮೀ. ಬರುತ್ತಿತ್ತು, ಈಗ 47 ಬರುತ್ತದೆ. ರಾತ್ರಿಯಿಡೀ ಚಾರ್ಜಿಗೆ ಹಾಕಿ ಮಲಗುವುದಿಲ್ಲ. ಪೂರ್ತಿ ಖಾಲಿ ಮಾಡುವುದಿಲ್ಲ. ಸೈಕಲ್ಲಿನ ಜೊತೆ ಬಂದ ಚಾರ್ಜರ್ ಬಿಟ್ಟು ಬೇರೆಯದನ್ನು ಮುಟ್ಟಿಲ್ಲ. ಲಿಥಿಯಂ ಬ್ಯಾಟರಿಯ ವಿಷಯದಲ್ಲಿ ಅಗ್ಗದ ಚಾರ್ಜರ್ ಖಂಡಿತ ಬೇಡ, ಬೆಂಕಿ ಹತ್ತುವ ಅಪಾಯವಿದೆ.

ಸವೆಯುವ ಸಾಮಾನುಗಳ ಲೆಕ್ಕವನ್ನು ಯಾರೂ ಬರೆಯುವುದಿಲ್ಲ, ನಾನು ಬರೆದಿಟ್ಟಿದ್ದೇನೆ. ಚೈನ್ ನಾಲ್ಕನೆಯದು. ಬ್ರೇಕ್ ಪ್ಯಾಡ್ ಸುಮಾರು 3,000 ಕಿ.ಮೀ.ಗೆ ಒಮ್ಮೆ, ಮಳೆಗಾಲದಲ್ಲಿ ಇನ್ನೂ ಬೇಗ. ಹಿಂದಿನ ಟೈರು ಎರಡು ಸಲ, ಮುಂದಿನದು ಒಂದು ಸಲ. ಪಂಕ್ಚರ್ ಏಳು. ಅದರಲ್ಲಿ ಆರು ಮೊದಲ ಒಂದೂವರೆ ವರ್ಷದಲ್ಲೇ ಆದವು. ಆಮೇಲೆ ಒಳಗೆ ದಪ್ಪ ರಬ್ಬರ್ ಪದರ ಇರುವ ಟೈರು ಹಾಕಿಸಿದೆ. ಹಿಂದಿನ ಚಕ್ರದಲ್ಲಿ ಮೋಟಾರಿನ ವೈರು ಇರುವುದರಿಂದ ದಾರಿಯಲ್ಲಿ ಟ್ಯೂಬ್ ಬಿಚ್ಚುವುದು ನಿಜಕ್ಕೂ ಕಷ್ಟ. ಹಾಗಾಗಿ ಒಳ್ಳೆಯ ಟೈರಿನ ಮೇಲೆ ಹಾಕಿದ ದುಡ್ಡಿನಷ್ಟು ಸಾರ್ಥಕ ಖರ್ಚು ಬೇರೆ ಇಲ್ಲ. ವಾರಕ್ಕೊಮ್ಮೆ ಗಾಳಿ ಹೊಡೆಯಿರಿ.

ಈಗ ನನ್ನ ದೊಡ್ಡ ಬೇಸರ. 5,000 ಕಿ.ಮೀ. ಆದಾಗ ಹಿಂದಿನ ಚಕ್ರದ ಎರಡು ಕಡ್ಡಿ ಮುರಿದವು. ಪಕ್ಕದ ಬೀದಿಯ ಸೈಕಲ್ ರಿಪೇರಿಯವರು ಅರ್ಧ ಗಂಟೆಯಲ್ಲಿ ಬೇರೆ ಕಡ್ಡಿ ಹಾಕಿ, ಚಕ್ರದ ಓಲಾಟ ತೆಗೆದು ಕೊಟ್ಟರು. ಅದೇ ವರ್ಷ ಹ್ಯಾಂಡಲ್ ಮೇಲಿನ ಡಿಸ್ಪ್ಲೇಗೆ ಹೋಗುವ ಒಂದು ಕನೆಕ್ಟರಿನೊಳಗೆ ನೀರು ಸೇರಿತು. ಬೆರಳಿನಷ್ಟು ಉದ್ದದ ಸಾಮಾನು. ಅದು ಬೇರೆಲ್ಲೂ ಸಿಗುವುದಿಲ್ಲ, ಕಂಪನಿಯಿಂದಲೇ ಬರಬೇಕು. ಬರುವುದಕ್ಕೆ ಆರು ವಾರ ಹಿಡಿಯಿತು. ಅಷ್ಟು ದಿನ ಮೋಟಾರಿಲ್ಲದೆ 24 ಕೆ.ಜಿ. ಸೈಕಲ್ ತುಳಿದೆ.

ಒಂದೇ ಸೈಕಲ್ಲಿನಲ್ಲಿ ಎರಡು ಕಾಲ ಇದೆ ಅಂತ ನನಗೆ ಆವಾಗ ಅನ್ನಿಸಿತು. ಒಂದೇ ಅಳತೆಯ ಎರಡು ಚಕ್ರ, ಹಿಂದಿನ ಚಕ್ರಕ್ಕೆ ಚೈನ್. ಈ ರೂಪಕ್ಕೆ ಜಾನ್ ಕೆಂಪ್ ಸ್ಟಾರ್ಲಿ 1885ರಲ್ಲಿ ತಂದ ರೋವರ್ ಸೈಕಲ್ಲೇ ಮಾದರಿ. ಗಾಳಿ ತುಂಬುವ ಟೈರು ಡನ್ಲಪ್ ಅವರಿಂದ 1888ರಲ್ಲಿ ಬಂತು. ಆ ಭಾಗಗಳನ್ನು ಜಗತ್ತಿನ ಯಾವ ಮೂಲೆಯಲ್ಲಾದರೂ ರಿಪೇರಿ ಮಾಡುತ್ತಾರೆ. ಎಲೆಕ್ಟ್ರಿಕ್ ಭಾಗ ಮಾತ್ರ ಬೀಗ ಹಾಕಿದ ಪೆಟ್ಟಿಗೆ. ದಿನಾ ಕೆಲಸಕ್ಕೆ ಹೋಗುವ ವಾಹನ ಒಂದು ದಿನದಲ್ಲಿ ರಿಪೇರಿ ಆಗಬೇಕು, ಅಲ್ವಾ? ಆರು ವಾರ ನಿಂತರೆ ಜನ ಹಳೇ ವಾಹನಕ್ಕೆ ಮರಳುತ್ತಾರೆ. ಒಮ್ಮೆ ಮರಳಿದವರು ಮತ್ತೆ ಬರುವುದು ಕಷ್ಟ. ಈ ವಿಷಯದಲ್ಲಿ ಒಂದು ಒಳ್ಳೆಯ ಸುದ್ದಿ ಇದೆ. ಯುರೋಪಿಯನ್ ಒಕ್ಕೂಟ 2023ರಲ್ಲಿ ಮಾಡಿದ ಬ್ಯಾಟರಿ ನಿಯಮದ ಪ್ರಕಾರ, 2027ರ ಫೆಬ್ರವರಿಯಿಂದ ಇಂಥ ಸಣ್ಣ ವಾಹನಗಳ ಬ್ಯಾಟರಿಯನ್ನು, ಅದರೊಳಗಿನ ಸೆಲ್ಲುಗಳನ್ನೂ, ಕಂಪನಿಗೆ ಸೇರದ ಮೆಕ್ಯಾನಿಕ್ ಕೂಡ ಬಿಚ್ಚಿ ಬದಲಾಯಿಸುವಂತೆ ಇರಬೇಕು. ಡಿಸ್ಪ್ಲೇ, ವೈರು, ಕನೆಕ್ಟರುಗಳಿಗೂ ಇಂಥದ್ದೇ ನಿಯಮ ಬರಲಿ ಅನ್ನುವುದು ನನ್ನ ಆಸೆ.

ನಿಲ್ಲಿಸುವ ಜಾಗದ ಬಗ್ಗೆ ಎರಡು ಮಾತು. ಇಷ್ಟು ತೂಕವನ್ನು ಮೆಟ್ಟಿಲು ಹತ್ತಿಸಲು ಆಗುವುದಿಲ್ಲ, ಬೀದಿಯಲ್ಲಿ ಬಿಡಲು ಧೈರ್ಯ ಬರುವುದಿಲ್ಲ. ಆಫೀಸಿನಲ್ಲಿ ಕೇಳಿಕೊಂಡ ಮೇಲೆ ನೆಲಮಹಡಿಯಲ್ಲಿ ಕಂಬಿ ಹಾಕಿಸಿ ಜಾಗ ಕೊಟ್ಟರು. ಆಗ ಇದ್ದದ್ದು ನನ್ನ ಒಂದೇ ಸೈಕಲ್, ಈಗ ಒಂಬತ್ತು ನಿಲ್ಲುತ್ತವೆ. ನೆದರ್ಲೆಂಡ್ಸಿನ ಯುಟ್ರೆಕ್ಟ್ ರೈಲು ನಿಲ್ದಾಣದ ಕೆಳಗೆ 12,500 ಸೈಕಲ್ ನಿಲ್ಲಿಸುವ ಜಾಗ ಇದೆ, ಅದು 2019ರಲ್ಲಿ ಪೂರ್ತಿಯಾಯಿತು. ಜಾಗ ಇದ್ದರೆ ಸೈಕಲ್ ಬರುತ್ತದೆ ಅನ್ನುವುದನ್ನು ನಮ್ಮ ಒಂಬತ್ತು ಸೈಕಲ್ಲಿನಲ್ಲೇ ನಾನು ನೋಡಿದ್ದೇನೆ.

ಇನ್ನು ರಸ್ತೆ. ನನ್ನ 9 ಕಿ.ಮೀ.ಯಲ್ಲಿ 8 ಆರಾಮ. ನಡುವಿನ 1 ಕಿ.ಮೀ. ಮಾತ್ರ ದೊಡ್ಡ ರಸ್ತೆ. ಲಾರಿಗಳು ಮೊಣಕೈ ಸವರುವ ಹಾಗೆ ಹೋಗುತ್ತವೆ. ನಾನು ಹಲ್ಲು ಕಚ್ಚಿ ದಾಟುತ್ತೇನೆ. ನನ್ನ ಹೆಂಡತಿ ಒಮ್ಮೆ ನನ್ನ ಜೊತೆ ಬಂದಳು, ಆ ಜಾಗದಲ್ಲಿ ಇಳಿದು ತಳ್ಳಿಕೊಂಡು ಬಂದಳು, ಮರುದಿನ ಬರಲಿಲ್ಲ. ಸೈಕಲ್ ಅವಳಿಗೆ ಇಷ್ಟ, ಓಡಿಸುವುದೂ ನನಗಿಂತ ಚೆನ್ನಾಗಿ.

ಅಮೆರಿಕದ ಪೋರ್ಟ್‌ಲೆಂಡ್ ನಗರದಲ್ಲಿ ಸೈಕಲ್ ಯೋಜನೆ ನೋಡಿಕೊಳ್ಳುತ್ತಿದ್ದ ರೋಜರ್ ಗೆಲ್ಲರ್ ಅನ್ನುವ ಅಧಿಕಾರಿ ತಮ್ಮ ಊರಿನ ಜನರನ್ನು ಅಂದಾಜಿನ ಮೇಲೆ ನಾಲ್ಕು ಗುಂಪು ಮಾಡಿದ್ದರು. ಎಂಥ ರಸ್ತೆಯಲ್ಲೂ ಹೆದರದವರು ನೂರಕ್ಕೆ ಒಬ್ಬರೂ ಇಲ್ಲ. ಸ್ವಲ್ಪ ಅನುಕೂಲ ಇದ್ದರೆ ಸಾಕು ಅನ್ನುವವರು ಸುಮಾರು 7. ಏನು ಮಾಡಿದರೂ ಬರದವರು ಸುಮಾರು 33. ಉಳಿದ 60 ಮಂದಿಗೆ ಆಸೆ ಇದೆ, ಭಯವೂ ಇದೆ. ಮೊದಲ ಸಲ ಇದನ್ನು ಓದಿದಾಗ ನನ್ನ ಹೆಂಡತಿಯ ಮುಖವೇ ಕಣ್ಮುಂದೆ ಬಂತು. ಸೈಕಲ್ ನಾಳೆಯ ನಗರದ ವಾಹನ ಆಗುತ್ತದೋ ಇಲ್ಲವೋ ಅನ್ನುವುದು ಈ 60 ಮಂದಿಯ ಮೇಲೆ ನಿಂತಿದೆ, ನನ್ನಂಥವರ ಮೇಲೆ ಅಲ್ಲ. ಇವರಿಗೆ 8 ಕಿ.ಮೀ. ಒಳ್ಳೆಯ ದಾರಿ ಇದ್ದರೂ ಉಪಯೋಗವಿಲ್ಲ, ಆ 1 ಕಿ.ಮೀ. ಸರಿ ಇಲ್ಲದಿದ್ದರೆ. ಸ್ಪೇನಿನ ಸೆವಿಲ್ಲೆಯಲ್ಲಿ ಇದನ್ನು ಅರ್ಥ ಮಾಡಿಕೊಂಡಿದ್ದರು. ಅಲ್ಲೊಂದು ಇಲ್ಲೊಂದು ತುಂಡು ದಾರಿ ಮಾಡದೆ, 2006ರ ನಂತರದ ಕೆಲವೇ ವರ್ಷಗಳಲ್ಲಿ ಒಂದಕ್ಕೊಂದು ಸೇರುವ ಹಾಗೆ ಇಡೀ ಜಾಲವನ್ನೇ ಕಟ್ಟಿದರು. ಬೀದಿಯಲ್ಲಿ ಸೈಕಲ್ಲುಗಳು ಹಲವು ಪಟ್ಟು ಹೆಚ್ಚಾದವು.

ಹೋದ ವರ್ಷ ಒಳರಸ್ತೆಗಳನ್ನು ಹುಡುಕಿ ಆ ದೊಡ್ಡ ರಸ್ತೆಯನ್ನು ತಪ್ಪಿಸುವ ದಾರಿ ಕಂಡುಕೊಂಡೆ. 1.6 ಕಿ.ಮೀ. ಜಾಸ್ತಿ. ಮಾಮೂಲಿ ಸೈಕಲ್ಲಿನಲ್ಲಾದರೆ ದಿನಾ ಅಷ್ಟು ಸುತ್ತು ಬೇಸರ ತರಿಸುತ್ತಿತ್ತು, ಇದರಲ್ಲಿ ಐದೇ ನಿಮಿಷ. ಹೆಂಡತಿ ಈಗ ಆ ದಾರಿಯಲ್ಲಿ ಕೆಲಸಕ್ಕೆ ಹೋಗುತ್ತಾಳೆ. ಅವಳಿಗೆ ಸೈಕಲ್ ತೆಗೆದುಕೊಳ್ಳುವಾಗ ಒಂದು ಚಾರ್ಜಿಗೆ ಎಷ್ಟು ದೂರ ಅಂತ ನಾವು ಕೊನೆಗೆ ಕೇಳಿದೆವು. ಮೊದಲು ಕೇಳಿದ್ದು ಕನೆಕ್ಟರ್ ಎಲ್ಲಿ ಸಿಗುತ್ತದೆ ಅಂತ. ಎರಡನೆಯದು, ಪೂರ್ತಿ ಚೈನ್ ಕವರ್ ಮತ್ತು ಮಡ್‌ಗಾರ್ಡ್ ಜೊತೆಗೇ ಬರುತ್ತದಾ ಅಂತ.

ಆ 1 ಕಿ.ಮೀ.ಗೆ ಬೇರೆ ಸೈಕಲ್ ದಾರಿ ಬೇಕು ಅಂತ ಮೂರು ಸಲ ಅರ್ಜಿ ಕೊಟ್ಟಿದ್ದೇನೆ, ಉತ್ತರ ಬಂದಿಲ್ಲ. ನಾಲ್ಕನೆಯದು ಬರೆದಾಗಿದೆ. ಆಫೀಸಿನ ಒಂಬತ್ತು ಸೈಕಲ್ಲಿನವರೂ ಸಹಿ ಹಾಕಿದ್ದಾರೆ, ಮೊದಲ ಸಹಿ ಹೆಂಡತಿಯದು.