ಅದೇ ಕಂಪನಿಯ ಪಿಸ್ಟನ್ ರಿಂಗ್, ಎರಡು ಸಲದ ಜೋಡಣೆ: ಆಕ್ಟಿವಾದಲ್ಲಿ 37,000 ಕಿ.ಮೀ. ಆದ ಮೇಲೆ

ನನ್ನದು 2008ರ ಆಕ್ಟಿವಾ, 102 ಸಿಸಿ. ಕಲಬುರಗಿಯಿಂದ ಶಹಾಬಾದ್ ಕಡೆಯ ಒಂದು ಹಳ್ಳಿ ಶಾಲೆಗೆ ದಿನವೂ ಹೋಗಿ ಬರುವುದು ಇದರಲ್ಲೇ. 2022ರ ಏಪ್ರಿಲ್‌ನಲ್ಲಿ ಎಂಜಿನ್ ಬಿಚ್ಚಿ, ಪಿಸ್ಟನ್ ಸುತ್ತ ಕೂತು ಸಂದು ಮುಚ್ಚುವ ರಿಂಗ್‌ಗಳನ್ನು ಹೊಸದಾಗಿ ಹಾಕಿದೆವು. ಅಲ್ಲಿಂದ ಇಲ್ಲಿಗೆ ಮೂರೂವರೆ ವರ್ಷ, 37,000 ಕಿ.ಮೀ. ಸೈಲೆನ್ಸರ್‌ನಲ್ಲಿ ಹೊಗೆಯಿಲ್ಲ, ಆಯಿಲ್ ಇಳಿಯುವುದಿಲ್ಲವೆಂದೇ ಹೇಳಬೇಕು, ಲೀಟರ್ ಪೆಟ್ರೋಲಿಗೆ 45 ಕಿ.ಮೀ. ಸಿಗುತ್ತಿದೆ. ಆದರೆ ಇದೇ ಕಂಪನಿಯ ಇದೇ ಸೆಟ್ಟು ಅದಕ್ಕೆ ಆರು ತಿಂಗಳ ಹಿಂದೆ ಇದೇ ಗಾಡಿಯಲ್ಲಿ ಒಂದು ವಾರವೂ ನೆಟ್ಟಗೆ ಕೆಲಸ ಮಾಡಿರಲಿಲ್ಲ. ಎರಡು ಸಲವೂ ರಿಂಗ್ ಒಂದೇ ಥರದ್ದು, ಪಿಸ್ಟನ್ ಓಡಾಡುವ ಬ್ಲಾಕ್ ಒಂದೇ, ಓಡಿಸುವವನೂ ನಾನೇ. ಬದಲಾದದ್ದು ಕೂರಿಸಿದ ರೀತಿ ಮಾತ್ರ. ಆದ್ದರಿಂದ ಈ ವಿಮರ್ಶೆಯಲ್ಲಿ ರಿಂಗ್‌ಗಿಂತ ಹೆಚ್ಚಾಗಿ ಜೋಡಣೆಯ ಮಾತೇ ಬರುತ್ತದೆ.

ಮೊದಲು ಸಾಮಾನಿನ ವಿಷಯ. ಪೊಟ್ಟಣದಲ್ಲಿ ಐದು ತುಂಡುಗಳಿರುತ್ತವೆ. ಎಲ್ಲಕ್ಕಿಂತ ಮೇಲೆ ಕೂರುವ ಮೊದಲ ರಿಂಗ್‌ನ ಹೊರ ಅಂಚು ಕ್ರೋಮ್ ಲೇಪನದಿಂದ ಬೆಳ್ಳಗೆ ಹೊಳೆಯುತ್ತದೆ. ಎರಡನೆಯದು ಕಪ್ಪಗೆ, ಮಂಕಾಗಿರುತ್ತದೆ. ಉಳಿದ ಮೂರು ಸೇರಿ ಒಂದು ಆಯಿಲ್ ರಿಂಗ್: ಅಲೆಅಲೆಯಾದ ಒಂದು ಸ್ಪ್ರಿಂಗ್, ಅದರ ಮೇಲೊಂದು ಕೆಳಗೊಂದು ತೆಳು ಪಟ್ಟಿ. ಬೋರ್, ಅಂದರೆ ಬ್ಲಾಕಿನ ಒಳವ್ಯಾಸ, 50 ಮಿ.ಮೀ., ಸ್ಟ್ಯಾಂಡರ್ಡ್ ಅಳತೆ. ಸೂಪರ್ ಮಾರ್ಕೆಟ್ ಕಡೆಯ ಬಿಡಿಭಾಗದ ಅಂಗಡಿಯಲ್ಲಿ ನಾನು ಕೊಟ್ಟದ್ದು 380 ರೂಪಾಯಿ. ಲೋಹದ ಗುಣಮಟ್ಟದ ಬಗ್ಗೆ ನನ್ನ ತಕರಾರಿಲ್ಲ. ತಕರಾರಿರುವುದು ಒಳಗಿನ ಕಾಗದದ ಬಗ್ಗೆ. ಜೋಡಣೆಯ ಚಿತ್ರ ಉಗುರಿನಷ್ಟೇ ಇದೆ, ಬರಹ ಅದಕ್ಕಿಂತ ಸಣ್ಣದು, ಕನ್ನಡದಲ್ಲಿ ಒಂದು ಸಾಲೂ ಇಲ್ಲ. ಯಾವ ಮುಖ ಮೇಲೆ ಬರಬೇಕೆಂದು ತಿಳಿಸುವ ಅಕ್ಷರವನ್ನು ರಿಂಗ್ ಮೇಲೆ ಕೆತ್ತಿದ್ದಾರೆ, ನಿಜ. ಆದರೆ ಬಿಸಿಲಿಗೆ ಹಿಡಿದು ಓರೆ ಮಾಡಿ ನೋಡಿದರಷ್ಟೇ ಕಾಣುತ್ತದೆ. ಆ ಒಂದು ಅಕ್ಷರ ನನಗೆ ಆರು ತಿಂಗಳ ಸಂಕಟ ಕೊಟ್ಟಿತು.

2021ರ ಅಕ್ಟೋಬರ್‌ನಲ್ಲಿ ಗಾಡಿ 61,000 ಕಿ.ಮೀ. ದಾಟಿತ್ತು. ಪಿಕಪ್ ಕುಂದಿತ್ತು, ಏರಿನಲ್ಲಿ ಉಸಿರುಗಟ್ಟುತ್ತಿತ್ತು. ಒಂದು ಗ್ಯಾರೇಜಿನಲ್ಲಿ ಬಿಟ್ಟೆ. ಎರಡೇ ಗಂಟೆಯಲ್ಲಿ ಕೆಲಸ ಮುಗಿಸಿ ಕೊಟ್ಟರು. ಅಷ್ಟು ಬೇಗ ಆಯಿತಲ್ಲ ಎಂದು ಆಗ ಸಂತೋಷಪಟ್ಟೆ. ನಾಲ್ಕನೆಯ ದಿನ ಹಿಂದೆ ಬರುತ್ತಿದ್ದ ಸಹೋದ್ಯೋಗಿ ಗಾಡಿ ನಿಲ್ಲಿಸಿ, "ಸರ್, ನಿಮ್ಮ ಗಾಡಿ ನೀಲಿ ಹೊಗೆ ಬಿಡುತ್ತಿದೆ" ಎಂದರು. ಗ್ಯಾರೇಜಿನವರನ್ನು ಕೇಳಿದರೆ, ರಿಂಗ್ ಕೂರಬೇಕು, ಸಾವಿರ ಕಿ.ಮೀ. ಓಡಿಸಿ ಎಂದರು. ಸಾವಿರವಾಯಿತು, ಎರಡು ಸಾವಿರವಾಯಿತು. ಆಮೇಲೆ ರಿಂಗ್ ಕಂಪನಿಯದೇ ತಪ್ಪು ಎಂಬ ಉತ್ತರ ಬಂತು. ಅಷ್ಟು ಹೊತ್ತಿಗೆ ಪ್ರತಿ ಸಾವಿರ ಕಿ.ಮೀ.ಗೆ ಕಾಲು ಲೀಟರ್ ಆಯಿಲ್ ಸುಡುತ್ತಿತ್ತು. ಒಟ್ಟು ಮುಕ್ಕಾಲು ಲೀಟರ್ ಆಸುಪಾಸು ಆಯಿಲ್ ಹಿಡಿಯುವ ಎಂಜಿನ್ನಿಗೆ ಇದು ಪ್ರಾಣಾಂತಿಕ. ಶಾಲೆಯ ಚೀಲದಲ್ಲಿ ಆಯಿಲ್ ಬಾಟಲಿ ಇಟ್ಟುಕೊಂಡು ತಿರುಗಿದೆ.

ರಿಂಗ್ ರಸ್ತೆಯ ಬದಿಯಲ್ಲಿ ತಗಡಿನ ಶೆಡ್ ಹಾಕಿಕೊಂಡಿರುವ ಒಬ್ಬ ಹಿರಿಯ ಮಿಸ್ತ್ರಿ ಇದ್ದಾರೆ. ಸುತ್ತಲಿನವರೆಲ್ಲ ಅವರನ್ನು ಚಾಚಾ ಎಂದೇ ಕರೆಯುತ್ತಾರೆ. ಬೇಸಿಗೆ ರಜೆ ಬಿದ್ದ ಮೇಲೆ ಅವರ ಬಳಿ ಹೋದೆ. ಅವರು ಗಾಡಿಗೆ ಪಾನಾ ಹಚ್ಚುವ ಮೊದಲು ಹೊಗೆ ನೋಡಿದರು. ವೇಗ ಹೆಚ್ಚಿಸಿದಾಗ ಹೊಗೆಯೋ, ಇಳಿಜಾರಿನಲ್ಲಿ ಆಕ್ಸಲರೇಟರ್ ಬಿಟ್ಟು ಮತ್ತೆ ಕೊಟ್ಟಾಗ ಹೊಗೆಯೋ ಎಂದು ಕೇಳಿದರು. ಮೊದಲನೆಯದಾದರೆ ಸಾಮಾನ್ಯವಾಗಿ ರಿಂಗ್, ಎರಡನೆಯದಾದರೆ ವಾಲ್ವ್ ಸೀಲ್. ನನ್ನದು ಮೊದಲನೆಯದು. ಆಮೇಲೆ ಪ್ಲಗ್ ಬಿಚ್ಚಿ ಒಳಗಿನ ಒತ್ತಡ ಅಳೆಯುವ ಗೇಜ್ ಹಾಕಿ, ಆಕ್ಸಲರೇಟರ್ ಪೂರ್ತಿ ತಿರುಗಿಸಿ ಹಿಡಿದು ಕಿಕ್ ಹೊಡೆದೆವು. ಮುಳ್ಳು ಆರೂವರೆ ಕೆ.ಜಿ.ಗೆ ನಿಂತಿತು. ಪ್ಲಗ್ ತೂತಿನಿಂದ ಒಂದು ಚಮಚ ಆಯಿಲ್ ಬಿಟ್ಟು ಮತ್ತೆ ಹೊಡೆದಾಗ ಒಂಬತ್ತೂವರೆಗೆ ಏರಿತು. ಆಯಿಲ್ ಹೋಗಿ ರಿಂಗ್ ಸಂದು ಮುಚ್ಚಿದ್ದರಿಂದ ಒತ್ತಡ ಏರಿತು. ವಾಲ್ವ್ ಸೋರುತ್ತಿದ್ದರೆ ಹೀಗೆ ಏರುವುದಿಲ್ಲ. ಈ ಎಂಜಿನ್ನಿನ ಬ್ಲಾಕ್ ಮಲಗಿರುವುದರಿಂದ ಆಯಿಲ್ ಕೆಳಗೆ ಒಂದೇ ಕಡೆ ನಿಲ್ಲುತ್ತದೆ. ಅದು ಸುತ್ತ ಹರಡಲಿ ಎಂದು ನಾಲ್ಕಾರು ಕಿಕ್ ಹೊಡೆದ ಮೇಲೆಯೇ ಅಳತೆ ನೋಡಬೇಕು.

ಅದು ರಂಜಾನ್ ತಿಂಗಳು. ಹೊರಗೆ 42 ಡಿಗ್ರಿ ಬಿಸಿಲು, ಚಾಚಾ ರೋಜಾ ಹಿಡಿದಿದ್ದರು. ಬೆಳಿಗ್ಗೆ ಏಳಕ್ಕೆ ಶುರು ಮಾಡಿ, ಮಧ್ಯಾಹ್ನ ಬಿಟ್ಟು, ಸಂಜೆ ಮತ್ತೆ ಹಿಡಿಯೋಣ ಎಂದರು. ಬ್ಲಾಕ್ ಕಳಚಿದ ಮೇಲೆ ಎರಡನೆಯ ರಿಂಗ್ ತೆಗೆದು, ಪೆಟ್ರೋಲಿನಲ್ಲಿ ಅದ್ದಿದ ಬಟ್ಟೆಯಿಂದ ಒರೆಸಿ, ಹೆಬ್ಬೆರಳ ಉಗುರನ್ನು ಒಂದು ಕಡೆ ಊರಿ ನನ್ನ ಮುಂದೆ ಹಿಡಿದರು. "ಇಲ್ಲಿ ನೋಡಿ ಮಾಸ್ತರ್, ಅಕ್ಷರ ಕೆಳಗೆ ಮುಖ ಮಾಡಿದೆ." ರಿಂಗ್ ತಲೆಕೆಳಗಾಗಿತ್ತು.

ಇದರಿಂದ ಏನಾಗುತ್ತದೆ ಎಂಬುದನ್ನು ಬಿಡಿಸಿ ಹೇಳಬೇಕು, ಏಕೆಂದರೆ ಬರಿಗಣ್ಣಿಗೆ ರಿಂಗ್‌ನ ಎರಡೂ ಮುಖ ಒಂದೇ ಥರ ಕಾಣುತ್ತವೆ. ಎರಡನೆಯ ರಿಂಗ್‌ನ ಹೊರ ಅಂಚು ನೇರವಾಗಿಲ್ಲ, ತುಸುವೇ ಓರೆಯಾಗಿದೆ. ಕೆಳ ಅಂಚು ಮಾತ್ರ ಬ್ಲಾಕಿನ ಗೋಡೆಗೆ ಚೂಪಾಗಿ ತಾಗುತ್ತದೆ. ಪಿಸ್ಟನ್ ಕೆಳಗಿಳಿಯುವಾಗ ಅದು ಗೋಡೆಯ ಆಯಿಲನ್ನು ಕೆರೆದು ಕೆಳಗೆ ತಳ್ಳುತ್ತದೆ, ಮೇಲೇರುವಾಗ ಆಯಿಲ್ ಪದರದ ಮೇಲೆ ಜಾರಿಕೊಂಡು ಹೋಗುತ್ತದೆ. ಹೊಲದ ಕೆಲಸ ಗೊತ್ತಿರುವವರಿಗೆ ಕುಂಟೆಯ ಕುಡ ಗೊತ್ತು: ಸರಿಯಾದ ಓರೆಗೆ ಕಟ್ಟಿದರೆ ಕಸ ಕೀಳುತ್ತದೆ, ತಿರುವಿ ಕಟ್ಟಿದರೆ ಮಣ್ಣಿನ ಮೇಲೆ ತೇಲಿ ಹೋಗುತ್ತದೆ. ತಲೆಕೆಳಗಾದ ರಿಂಗ್ ಇಳಿಯುವಾಗ ಆಯಿಲ್ ಮೇಲೆ ತೇಲಿ, ಏರುವಾಗ ಕೆರೆದು ಬೆಂಕಿ ಹತ್ತುವ ಜಾಗಕ್ಕೇ ಒಯ್ಯುತ್ತದೆ. ಸಾವಿರವಲ್ಲ, ಲಕ್ಷ ಕಿ.ಮೀ. ಓಡಿಸಿದರೂ ಅದು ಕೂರುವುದಿಲ್ಲ. ಇನ್ನೂ ಒಂದು ತಪ್ಪಾಗಿತ್ತು: ಆಯಿಲ್ ರಿಂಗಿನ ಸ್ಪ್ರಿಂಗ್‌ನ ಎರಡು ತುದಿಗಳು ಒಂದಕ್ಕೊಂದು ಎದುರಾಗಿ ತಾಗಿರಬೇಕಾದಲ್ಲಿ ಒಂದರ ಮೇಲೊಂದು ಹತ್ತಿ ಕುಳಿತಿದ್ದವು. ಬ್ಲಾಕಿನ ಗೋಡೆ ಕನ್ನಡಿಯಂತೆ ನುಣುಪಾಗಿತ್ತು. ಹೊಸ ರಿಂಗ್ ಹಾಕುವಾಗ ಅದನ್ನು ಯಾರೂ ಮುಟ್ಟಿರಲಿಲ್ಲ.

ಹೊಸ ಸೆಟ್ ತಂದೆ. ಅಂಗಡಿಯವರು ಬೇರೆ ಕಂಪನಿಯದು ಕೊಡಲೇ ಎಂದರು, ಬೇಡವೆಂದು ಅದನ್ನೇ ತಂದೆ.

ಬ್ಲಾಕ್ ಸವೆದಿದೆಯೋ ಇಲ್ಲವೋ ತಿಳಿಯಲು ಚಾಚಾ ಮಾಡಿದ ಪರೀಕ್ಷೆ ನನಗೆ ಬಹಳ ಹಿಡಿಸಿತು. ಗಣಿತ ಪಾಠ ಮಾಡುವವನಿಗೆ ಹಿಡಿಸದೆ ಇರಲಾರದು. ಹೊಸ ಮೊದಲ ರಿಂಗನ್ನು ಖಾಲಿ ಬ್ಲಾಕಿನೊಳಗೆ ಬಿಟ್ಟು, ಪಿಸ್ಟನ್ ತಲೆಯಿಂದ ತಳ್ಳಿ ನೇರ ಕೂರಿಸಿದರು. ಹೆಚ್ಚು ಸವೆಯದ ತಳಭಾಗದಲ್ಲಿ ರಿಂಗ್ ತುದಿಗಳ ನಡುವೆ 0.20 ಮಿ.ಮೀ. ದಪ್ಪದ ಫೀಲರ್ (ಸಂದು ಅಳೆಯುವ ಪಟ್ಟಿ) ಹೋಯಿತು. ಹೆಚ್ಚು ಸವೆಯುವ ಮೇಲ್ಭಾಗದಲ್ಲಿ 0.30 ಹೋಯಿತು, 0.35 ಹೋಗಲಿಲ್ಲ. ವ್ಯತ್ಯಾಸ 0.10. ಸುತ್ತಳತೆ ಹೆಚ್ಚಿದರೆ ಸಂದು ಅಷ್ಟೇ ಹೆಚ್ಚುತ್ತದೆ, ಹಾಗಾಗಿ 3.14ರಿಂದ ಭಾಗಿಸಿದರೆ ವ್ಯಾಸದಲ್ಲಿ ಸುಮಾರು 0.03 ಮಿ.ಮೀ. ಸವೆತ. ಬ್ಲಾಕ್ ಕೊರೆದು ಕೊಡುವ ಬೋರಿಂಗ್ ಅಂಗಡಿಯ ಡಯಲ್ ಗೇಜ್ ತೋರಿಸಿದ್ದೂ ಅದನ್ನೇ: ಕೆಳಗೆ 50.01, ಮೇಲೆ 50.04. ಇಷ್ಟಕ್ಕೆ ಬೋರ್ ಮಾಡಿಸಿ ದೊಡ್ಡ ಪಿಸ್ಟನ್ ಹಾಕಬೇಕಿಲ್ಲ, ಹೋನಿಂಗ್ ಸಾಕು ಎಂದರು. ಸಂದು ತೀರಾ ಕಡಿಮೆಯಾದರೂ ಅಪಾಯವೇ. ಗಾಳಿಯಿಂದ ತಣಿಯುವ ಎಂಜಿನ್, ನಮ್ಮ ಊರಿನ ಬೇಸಿಗೆ. ಬಿಸಿಗೆ ರಿಂಗ್ ಹಿಗ್ಗಿ ತುದಿಗಳು ಒಂದಕ್ಕೊಂದು ಒತ್ತಿಕೊಂಡರೆ ಗೋಡೆ ಗೀರುತ್ತದೆ, ಇಲ್ಲವೇ ರಿಂಗೇ ಮುರಿಯುತ್ತದೆ.

ಹೋನಿಂಗ್ ಎಂದರೆ ಗೋಡೆಯ ಮೇಲೆ ಒಂದನ್ನೊಂದು ಅಡ್ಡ ಕತ್ತರಿಸುವ ಸಣ್ಣ ಗೆರೆಗಳನ್ನು ಎಳೆಯುವುದು. ಆ ಗೆರೆಗಳಲ್ಲಿ ಆಯಿಲ್ ನಿಲ್ಲುತ್ತದೆ, ಹೊಸ ರಿಂಗ್ ಅದಕ್ಕೆ ಉಜ್ಜಿಕೊಂಡು ತನ್ನ ಜಾಗ ಮಾಡಿಕೊಳ್ಳುತ್ತದೆ. ಬೋರಿಂಗ್ ಅಂಗಡಿಯಿಂದ ಬಂದ ಬ್ಲಾಕನ್ನು ಪೆಟ್ರೋಲಿನಿಂದ ತೊಳೆದರೆ ಸಾಕೆಂದು ನಾನು ತಿಳಿದಿದ್ದೆ. ಚಾಚಾ ಬಿಸಿನೀರು, ಸೋಪಿನ ಪುಡಿ, ಬ್ರಷ್ ಕೊಟ್ಟು ಕೂರಿಸಿದರು. ತಿಕ್ಕಿ, ಒಣಗಿಸಿ, ಒಂದು ಹನಿ ಆಯಿಲ್ ಹಾಕಿದ ಬಿಳಿ ಪಂಚೆಯ ತುಂಡಿನಿಂದ ಒರೆಸಿದೆ: ಬಟ್ಟೆ ಬೂದು ಬಣ್ಣಕ್ಕೆ ತಿರುಗಿತು. ಮತ್ತೆ ತೊಳೆದೆ, ಮತ್ತೆ ಬೂದು. ನಾಲ್ಕನೆಯ ಸಲ ಬಟ್ಟೆ ಬೆಳ್ಳಗೇ ಉಳಿಯಿತು. ಆ ಬೂದು ಎಂದರೆ ಹೋನಿಂಗ್ ಕಲ್ಲಿನ ಪುಡಿ. ಅದು ಒಳಗೆ ಉಳಿದರೆ ಹೊಸ ರಿಂಗನ್ನೇ ಅರೆಯುತ್ತದೆ.

ರಿಂಗ್ ಕೂರಲು ಪಿಸ್ಟನ್ ಸುತ್ತ ಇರುವ ತೋಡುಗಳಲ್ಲಿ ಕೂತಿದ್ದ ಕಾರ್ಬನ್ನನ್ನು ಮುರಿದ ಹಳೆಯ ರಿಂಗ್ ತುಂಡಿನಿಂದ, ಲೋಹ ಕೆರೆಯದಂತೆ ತೆಗೆದೆವು. ಆಮೇಲೆ "ನೀವೇ ಹಾಕಿ ಮಾಸ್ತರ್, ನಾನು ನೋಡುತ್ತೇನೆ" ಎಂದರು. ಮೊದಲು ಆಯಿಲ್ ರಿಂಗ್‌ನ ಸ್ಪ್ರಿಂಗ್, ತುದಿಗಳು ಎದುರುಬದುರು. ಅದರ ಮೇಲೆ ಕೆಳಗೆ ಎರಡು ಪಟ್ಟಿಗಳು. ಎರಡರ ಸಂದುಗಳೂ ಸ್ಪ್ರಿಂಗ್ ಸೇರಿದ ಜಾಗದಿಂದ ಆಚೀಚೆ ಎರಡು ಸೆಂ.ಮೀ.ಗೂ ಹೆಚ್ಚು ದೂರ. ಬಳಿಕ ಕಪ್ಪು ರಿಂಗ್, ಅಕ್ಷರ ಮೇಲಕ್ಕೆ. ಕೊನೆಗೆ ಬಿಳಿ ರಿಂಗ್, ಅದರ ಅಕ್ಷರವೂ ಮೇಲಕ್ಕೆ. ರಿಂಗನ್ನು ಎರಡು ಹೆಬ್ಬೆರಳಿನಿಂದ ಬೇಕಾದಷ್ಟೇ ಅಗಲಿಸಿ ಸಮವಾಗಿ ಇಳಿಸಬೇಕು. ಒಂದು ತುದಿಯನ್ನು ತೋಡಿಗೆ ಸಿಕ್ಕಿಸಿ ಇನ್ನೊಂದನ್ನು ಸುತ್ತಿಸಿದರೆ ರಿಂಗ್ ತಿರುಚುತ್ತದೆ, ಆ ತಿರುಚು ಹೋಗುವುದಿಲ್ಲ. ಮೂರೂ ಕೂತ ಮೇಲೆ ಬೆರಳಿನಿಂದ ತಿರುಗಿಸಿದರೆ ಎಲ್ಲಿಯೂ ಹಿಡಿಯದೆ ತಿರುಗಬೇಕು. ಸಂದುಗಳನ್ನು 120 ಡಿಗ್ರಿ ಅಂತರಕ್ಕೆ ಹಂಚಿದೆವು. ಓಡುವಾಗ ನಾಲ್ಕು ಸ್ಟ್ರೋಕ್ ಎಂಜಿನ್ನಿನ ರಿಂಗ್‌ಗಳು ಮೆಲ್ಲಗೆ ತಿರುಗುತ್ತಲೇ ಇರುತ್ತವೆ, ಆದ್ದರಿಂದ ಬಿಚ್ಚಿದಾಗ ಸಂದುಗಳು ಒಂದೇ ಸಾಲಿನಲ್ಲಿ ಕಂಡರೆ ಹಾಕಿದವನನ್ನು ದೂರಬೇಕಿಲ್ಲ. ನಮ್ಮ ತಂದೆಯ ಹಳೆಯ ಎರಡು ಸ್ಟ್ರೋಕ್ ಚೇತಕ್‌ನ ಲೆಕ್ಕ ಬೇರೆ. ಅದರ ಪಿಸ್ಟನ್ ತೋಡಿನಲ್ಲಿ ಸಣ್ಣ ಮೊಳೆಗಳಿರುತ್ತವೆ. ರಿಂಗ್ ತುದಿ ಅವಕ್ಕೇ ಕೂರಬೇಕು, ಇಲ್ಲವಾದರೆ ಗೋಡೆಯ ಕಿಂಡಿಗೆ ಸಿಕ್ಕಿ ಮುರಿಯುತ್ತದೆ.

ಪಿಸ್ಟನ್ ತಲೆಯ ಮೇಲಿನ 'ಇನ್' ಗುರುತು ಕಾರ್ಬುರೇಟರ್ ಕಡೆಗೆ, ಅಂದರೆ ಈ ಗಾಡಿಯಲ್ಲಿ ಮೇಲಕ್ಕೆ. ಪಿನ್ನಿನ ಲಾಕ್‌ಗಳು ಹೊಸವು. ಅವನ್ನು ಹಾಕುವಾಗ ಜಾರಿ ಕ್ರ್ಯಾಂಕ್ ಕೇಸಿಗೆ ಬೀಳದಂತೆ ಬಾಯಿಗೆ ಬಟ್ಟೆ ತುರುಕಿದ್ದೆವು. ರಿಂಗ್‌ಗಳಿಗೂ ಗೋಡೆಗೂ ಎಂಜಿನ್ ಆಯಿಲ್ ಸವರಿ, ಬೆರಳಿನಿಂದ ಒಂದೊಂದೇ ರಿಂಗ್ ಒತ್ತಿ ಹಿಡಿದು ಬ್ಲಾಕನ್ನು ಎದುರಿನಿಂದ ತಳ್ಳಿದೆ. ಎರಡನೆಯದರ ಬಳಿ ನಿಂತಿತು. ನಾನು ಇನ್ನಷ್ಟು ಒತ್ತಲು ಹೋದಾಗ ಚಾಚಾ ನನ್ನ ಕೈ ಹಿಡಿದರು. ಹಿಂದಕ್ಕೆಳೆದು ನೋಡಿದರೆ ರಿಂಗ್ ತುದಿ ತೋಡಿನಿಂದ ಕೂದಲೆಳೆಯಷ್ಟು ಹೊರಗಿತ್ತು. ಅದನ್ನು ಒಳಗೆ ಒತ್ತಿದ ಮೇಲೆ ಬ್ಲಾಕ್ ತಾನಾಗಿಯೇ ಸರಿಯಿತು. ಹೊಸ ಪ್ಯಾಕಿಂಗ್, ಹೊಸ ವಾಲ್ವ್ ಸೀಲ್, ಫ್ಲೈವೀಲ್ ಗುರುತಿಗೆ ಟೈಮಿಂಗ್ ಚೈನ್. ಇವು ಎಲ್ಲರೂ ಮಾಡುವ ಕೆಲಸಗಳು. ಮುಗಿಯುವ ಹೊತ್ತಿಗೆ ಅಜಾನ್ ಕೇಳಿಸಿತು. ಚಾಚಾ ಖರ್ಜೂರ ತಿಂದು ನೀರು ಕುಡಿದು, ನನಗೂ ಎರಡು ಖರ್ಜೂರ ಕೊಟ್ಟ ಮೇಲೆ ಕಿಕ್ ಹೊಡೆದರು. ಮೂರನೆಯದಕ್ಕೆ ಹತ್ತಿತು.

ಹತ್ತಿದ ಗಾಡಿಯನ್ನು ನಿಂತಲ್ಲೇ ಗುರುಗುಡಿಸಲು ಬಿಡಲಿಲ್ಲ. ರಿಂಗನ್ನು ಗೋಡೆಗೆ ಒತ್ತುವುದು ಅದರ ಹಿಂದೆ ನುಗ್ಗುವ ಉರಿಯ ಒತ್ತಡ; ಸುಮ್ಮನೆ ನಿಂತು ಓಡಿದರೆ ಆ ಒತ್ತಡ ಸಾಲದು, ಗೋಡೆ ಮತ್ತೆ ನುಣುಪಾಗುತ್ತದೆ. ಅದೇ ರಾತ್ರಿ ಹುಮನಾಬಾದ್ ರಸ್ತೆಯಲ್ಲಿ ಮೂವತ್ತರಿಂದ ಐವತ್ತಕ್ಕೆ ಏರಿಸುವುದು, ಆಕ್ಸಲರೇಟರ್ ಬಿಟ್ಟು ಮೂವತ್ತಕ್ಕೆ ಇಳಿಸುವುದು, ಹೀಗೆ ಅರ್ಧ ಗಂಟೆ ಓಡಿಸಿದೆ. 300 ಕಿ.ಮೀ.ಗೆ ಆಯಿಲ್ ಬದಲಿಸಿದಾಗ ಅದನ್ನು ಸ್ಟೀಲ್ ತಟ್ಟೆಗೆ ಸುರಿದು ಬಿಸಿಲಿನಲ್ಲಿ ನೋಡಿದೆ: ಸಣ್ಣ ಸಣ್ಣ ಮಿಂಚು ತುಂಬಿತ್ತು. ಸಾವಿರಕ್ಕೆ ಬದಲಿಸಿದಾಗ ಮಿಂಚು ಇರಲಿಲ್ಲ.

ಆ ತಿಂಗಳ ಕೊನೆಗೆ ಗೇಜ್ ಹನ್ನೊಂದೂವರೆ ತೋರಿಸಿತು. ಹೋದ ತಿಂಗಳು ಹನ್ನೊಂದು. ಎರಡು ಸಾವಿರ ಕಿ.ಮೀ.ಗೊಮ್ಮೆ ಆಯಿಲ್ ಬದಲಿಸುತ್ತೇನೆ, ನಡುವೆ ಕಡ್ಡಿಯ ಗುರುತು ಒಂದು ಕೂದಲಷ್ಟು ಇಳಿದಿರುತ್ತದೆ ಅಷ್ಟೇ. ಶಹಾಬಾದ್ ರಸ್ತೆಯಲ್ಲಿ ಪರಸಿ ಕಲ್ಲಿನ ಲಾರಿಗಳ ಹಿಂದೆ ಹೋದವರಿಗೆ ಆ ಬಿಳಿ ಧೂಳು ಗೊತ್ತು. ಅದು ಒಳಗೆ ಹೋದರೆ ಎಂಥ ರಿಂಗ್ ಆದರೂ ಸವೆಯುತ್ತದೆ. ಏರ್ ಫಿಲ್ಟರನ್ನು ಜಾಡಿಸಿ ಮತ್ತೆ ಹಾಕುವುದನ್ನು ಬಿಟ್ಟು, ಆರು ಸಾವಿರ ಕಿ.ಮೀ.ಗೊಮ್ಮೆ ಹೊಸದೇ ಹಾಕುತ್ತಿದ್ದೇನೆ.

ರಿಂಗ್ ಸೆಟ್ಟಿಗೆ ಐದಕ್ಕೆ ನಾಲ್ಕೂವರೆ ಕೊಡುತ್ತೇನೆ. ಅರ್ಧ ಕಡಿತ ಆ ಕಾಗದಕ್ಕೆ. ಬರುವ ಬೇಸಿಗೆ ರಜೆಯಲ್ಲಿ ಮತ್ತೆ ಒತ್ತಡ ಅಳೆಯುತ್ತೇನೆ. ಒಂಬತ್ತಕ್ಕಿಂತ ಕೆಳಗಿಳಿದಿದ್ದರೆ ಈ ಸಲ ಬೋರ್ ಮಾಡಿಸಿ 0.25 ಮಿ.ಮೀ. ದೊಡ್ಡ ಪಿಸ್ಟನ್ ಹಾಕುವುದೆಂದು ಚಾಚಾ ಹೇಳಿದ್ದಾರೆ. ಅದಕ್ಕೂ ಇದೇ ಕಂಪನಿಯ ರಿಂಗನ್ನೇ ತರುತ್ತೇನೆ.